ಗಾಲಿಯ ಗೊಣಗಾಟಕ್ಕೆ ಕಿವಿ

ಮಿಸ್ತ್ರಿ ಗಾಡಿ ಹತ್ತಿ ಕೂತ ಕೂಡಲೇ ಆಡುವ ಮೊದಲ ಮಾತು: ‘ಹಾಡ ಬಂದ್ ಮಾಡ್ರಿ.’ ಎರಡನೆಯದು: ‘ಎ.ಸಿ.ನೂ ಬಂದ್ ಮಾಡ್ರಿ.’ ಆಮೇಲೆ ಕಿಟಕಿ ಗಾಜು ಅರ್ಧ ಇಳಿಸಿ ಹಿಂದಿನ ಸೀಟಿನವರತ್ತ ಒಮ್ಮೆ ತಿರುಗಿ ನೋಡುತ್ತಾರೆ. ಅವರೂ ಮಾತು ನಿಲ್ಲಿಸುತ್ತಾರೆ. ಬೆಳಗಾವಿಯ ರಾಮತೀರ್ಥ ನಗರದ ಮಗ್ಗುಲಲ್ಲೇ ಇರುವ ಆಟೋ ನಗರದಿಂದ ಹೊರಟ ಕಾರು ಕಣಬರ್ಗಿ ರಸ್ತೆ ಹಿಡಿದು 40ರ ವೇಗ ದಾಟುತ್ತಿದ್ದಂತೆ ಮುಂದಿನ ಗಾಲಿಯ ಕಡೆಯಿಂದ ಸಣ್ಣಗೆ ಗುಂಯ್ ಎನ್ನುವ ಸದ್ದು ಏಳುತ್ತದೆ. 60ಕ್ಕೆ ಅದು ಕಾಲಡಿಯ ತಗಡಿಗೂ ತಾಗುತ್ತದೆ.

ಗಾಡಿ ತಂದವರು ಖಾನಾಪುರ ತಾಲ್ಲೂಕಿನ ಜಾಂಬೋಟಿ ಕಡೆಯವರು. ‘ಟಾಯರ್ ಸದ್ದ ಅಂತ ಹೇಳಿದ್ರಂತ ಮುಂದಿನ ಎರಡೂ ಟಾಯರ್ ಹೊಸಾವ ಹಾಕ್ಸೇನ್ರಿ ಮಾಮಾ. ಆದ್ರೂ ಹೋಗವಲ್ದು.’

ಮಿಸ್ತ್ರಿ ಅದಕ್ಕೆ ಉತ್ತರ ಕೊಡುವುದಿಲ್ಲ. ‘ನ್ಯೂಟ್ರಲ್ ಮಾಡ್ರಿ’ ಎನ್ನುತ್ತಾರೆ. ಎಂಜಿನ್ನಿನ ಸದ್ದು ಇಳಿಯಿತು, ಗುಂಯ್ ಇಳಿಯಲಿಲ್ಲ. ಅಲ್ಲಿಗೆ ಎಂಜಿನ್ ಮೇಲಿನ ಗುಮಾನಿ ಹೋಯಿತು. ‘ಹಿಂದ ಮುಂದ ಯಾವ ಗಾಡೀನೂ ಇಲ್ಲ. ಸಾವಕಾಶ ಬಲಕ್ಕ ಎಳೀರಿ. ಈಗ ಎಡಕ್ಕ.’ ಬಲಕ್ಕೆ ಹೊರಳಿದಾಗ ಸದ್ದು ಉಬ್ಬಿತು, ಎಡಕ್ಕೆ ಹೊರಳಿದಾಗ ಸೊರಗಿತು.

‘ಎಡಗಡಿ ಮುಂದಿನ ಬೇರಿಂಗ್ ಐತ್ರಿ. ನಡೀರಿ ವಾಪಸ್.’

ಇದರಲ್ಲಿ ಪವಾಡವೇನೂ ಇಲ್ಲ. ಕಾರು ಬಲಕ್ಕೆ ಹೊರಳಿದರೆ ಅದರ ಭಾರ ಎಡಗಾಲಿಗಳ ಮೇಲೆ ವಾಲುತ್ತದೆ. ಹೊರೆ ಹೆಚ್ಚಿದಷ್ಟೂ ಸವೆದ ಬೇರಿಂಗ್ ಜೋರಾಗಿ ಗೊಣಗುತ್ತದೆ. ಟೈರಿನ ಸದ್ದಾದರೆ ಡಾಂಬರಿನಿಂದ ಕಾಂಕ್ರೀಟಿಗೆ ಬಂದಾಗ ದನಿ ಬದಲಿಸುತ್ತದೆ. ಬೇರಿಂಗ್ ಹಾಗಲ್ಲ, ರಸ್ತೆ ಯಾವುದಿದ್ದರೂ ವೇಗದ ಜತೆ ಏರುತ್ತದೆ, ವೇಗದ ಜತೆ ಇಳಿಯುತ್ತದೆ. ಸ್ಟೇರಿಂಗ್ ಪೂರ್ತಿ ತಿರುವಿ ಗಾಡಿ ಓಡಿಸಿದಾಗ ಕಟಕಟ ಎಂದರೆ ಅದು ಡ್ರೈವ್ ಶಾಫ್ಟಿನ ಜಾಯಿಂಟು. ಇಷ್ಟನ್ನು ಯಾವ ಪುಸ್ತಕದಲ್ಲಾದರೂ ಓದಬಹುದು. ಮಳೆಗಾಲದ ರಸ್ತೆಯಲ್ಲಿ, ಹಳೇ ಡೀಸೆಲ್ ಗಾಡಿಯ ಗಲಾಟೆಯ ನಡುವೆ ಆ ಒಂದು ಎಳೆಯನ್ನು ಬಿಡಿಸಿ ಕೇಳುವ ಕಿವಿ ಮಾತ್ರ ಕೂತು ಓದಿದರೆ ಬರುವುದಿಲ್ಲ.

‘ನನ್ನ ಹೆಸರ ಬ್ಯಾಡ್ರಿ, ಕೆಲಸದ್ದ ಬರೀರಿ’ ಎಂದರು ಮಿಸ್ತ್ರಿ. ಹಾಗಾಗಿ ಇದು ಕೆಲಸದ ಪರಿಚಯ.

ಎತ್ತಿದ ಗಾಲಿ

ರಸ್ತೆಯಲ್ಲಿ ಕೇಳಿದ್ದು ಅರ್ಧ ಸಾಕ್ಷಿ ಮಾತ್ರ. ಗ್ಯಾರೇಜಿಗೆ ಬಂದ ಮೇಲೆ ಜ್ಯಾಕ್ ಹಚ್ಚಿ ಗಾಲಿ ಎತ್ತಿ, ಅಡಿಗೆ ಸ್ಟ್ಯಾಂಡ್ ಕೊಟ್ಟು, ಮಿಸ್ತ್ರಿ ಗಾಲಿಯನ್ನು ಮೇಲೆ ಕೆಳಗೆ ಹಿಡಿಯುತ್ತಾರೆ. ಗಡಿಯಾರದ ಲೆಕ್ಕದಲ್ಲಿ 12 ಮತ್ತು 6. ತಳ್ಳಿ ಎಳೆದಾಗ ಸಣ್ಣ ಆಟ ಕೈಗೆ ಸಿಗುತ್ತದೆ. ಈ ಆಟ ಬೇರಿಂಗಿನದ್ದೋ ಬಾಲ್ ಜಾಯಿಂಟಿನದ್ದೋ? ಕೆಲಸದ ಹುಡುಗನಿಗೆ ಹೇಳುತ್ತಾರೆ: ‘ತಮ್ಮಾ, ಒಳಗ ಕುಂತು ಬ್ರೇಕ್ ಒತ್ತಿ ಹಿಡಿ.’ ಬ್ರೇಕ್ ಒತ್ತಿದರೆ ಗಾಲಿ ಕೂರುವ ಹಬ್ಬೂ ಅದನ್ನು ಹೊತ್ತಿರುವ ನಕಲ್ಲೂ ಒಂದಕ್ಕೊಂದು ಬಿಗಿದುಕೊಳ್ಳುತ್ತವೆ. ಆಗ ಆಟ ನಿಂತರೆ ತಪ್ಪು ಬೇರಿಂಗಿನದು, ನಿಲ್ಲದಿದ್ದರೆ ಬಾಲ್ ಜಾಯಿಂಟಿನದು. 3 ಮತ್ತು 9ರಲ್ಲಿ ಹಿಡಿದಾಗ ಮಾತ್ರ ಆಟ ಕಂಡರೆ ಟೈರಾಡ್ ತುದಿ ನೋಡಬೇಕು.

ಎಷ್ಟೋ ಬೇರಿಂಗುಗಳು ಆಟ ಕೊಡುವ ಮೊದಲೇ ಸದ್ದು ಕೊಡುತ್ತವೆ. ಅಂಥವಕ್ಕೆ ಇನ್ನೊಂದು ಪರೀಕ್ಷೆ. ಎಡಗೈಯ ಬೆರಳುಗಳನ್ನು ಸಸ್ಪೆನ್ಷನ್ ಸ್ಪ್ರಿಂಗಿನ ಮೇಲೆ ಹಗುರಾಗಿ ಇಟ್ಟು ಬಲಗೈಯಿಂದ ಗಾಲಿ ತಿರುಗಿಸುತ್ತಾರೆ. ಒಳ್ಳೆಯ ಬೇರಿಂಗಿಗೆ ಸ್ಪ್ರಿಂಗ್ ಸುಮ್ಮನಿರುತ್ತದೆ. ಕೆಟ್ಟದ್ದಕ್ಕೆ ಸಣ್ಣ ನಡುಕ ಬೆರಳಿಗೆ ಏರುತ್ತದೆ. ನನ್ನ ಬೆರಳಿಗೂ ಅದು ತಿಳಿಯಿತು, ಆದರೆ ಮೊದಲು ಬಲಗಡೆಯ ಗಾಲಿ ತಿರುಗಿಸಿ ಸರಿಯಾದದ್ದು ಹೇಗಿರುತ್ತದೆಂದು ಅವರು ತೋರಿಸಿಕೊಟ್ಟ ಮೇಲೆ.

ಬಿಚ್ಚುವ ಕೆಲಸದ ಸರದಿ ಹೀಗೆ: ಗಾಲಿ ಇನ್ನೂ ನೆಲದ ಮೇಲಿರುವಾಗಲೇ ಆ್ಯಕ್ಸಲ್ ನಟ್ಟಿನ ಮಡಚಿದ ತುಟಿಯನ್ನು ಛನ್ನಿಯಿಂದ ಬಿಡಿಸಿ, ಉದ್ದ ಪಾನಾ ಹಾಕಿ ಸಡಿಲಿಸಬೇಕು. ಆಮೇಲೆ ಗಾಲಿ, ಕ್ಯಾಲಿಪರ್, ಡಿಸ್ಕು. ಕ್ಯಾಲಿಪರನ್ನು ಬ್ರೇಕ್ ಪೈಪಿನ ಮೇಲೆ ನೇತುಬಿಡದೆ ತಂತಿಯಿಂದ ಸ್ಪ್ರಿಂಗಿಗೆ ಕಟ್ಟುತ್ತಾರೆ. ಟೈರಾಡು, ಬಾಲ್ ಜಾಯಿಂಟು, ಸ್ಟ್ರಟ್ ಬೋಲ್ಟು ಬಿಚ್ಚಿದರೆ ನಕಲ್ ಕೈಗೆ ಬರುತ್ತದೆ. ಮುಂದಿನದೆಲ್ಲ ಪ್ರೆಸ್ಸಿನ ಮೇಲೆ.

ಕೆಲಸ ಕಷ್ಟವಾಗುವುದು ಇಲ್ಲಿಂದ. ಹಬ್ಬನ್ನು ಪ್ರೆಸ್ಸಿನಲ್ಲಿ ಒತ್ತಿ ಹೊರಗೆ ತಳ್ಳಿದಾಗ ಬೇರಿಂಗಿನ ಒಳಬಳೆ ಹಬ್ಬಿನ ಕೊರಳಿಗೇ ಅಂಟಿಕೊಂಡು ಬಂದುಬಿಡುತ್ತದೆ. ಅದನ್ನು ಬಿಡಿಸಲು ಮಿಸ್ತ್ರಿ ಗ್ರೈಂಡರ್ ಹಿಡಿದು ಬಳೆಯನ್ನು ಓರೆಯಾಗಿ ಕೊಯ್ಯುತ್ತಾರೆ. ಪೂರ್ತಿ ಕೊಯ್ದರೆ ಹಬ್ಬಿಗೆ ಗಾಯ, ಕಡಿಮೆ ಕೊಯ್ದರೆ ಬಳೆ ಒಡೆಯದು. ಕೂದಲೆಳೆಯಷ್ಟು ಉಕ್ಕು ಉಳಿದಿರುವಾಗ ಗ್ರೈಂಡರ್ ನಿಲ್ಲಿಸಿ, ಛನ್ನಿ ಇಟ್ಟು ಒಂದೇ ಏಟು. ಟಣ್ ಎಂದು ಬಳೆ ಸೀಳಿ ಜಾರಿತು. ಹಬ್ಬಿನ ಮೇಲೆ ಬೆರಳಾಡಿಸಿ ನೋಡಿದರು. ಗೀರಿಲ್ಲ.

ನಕಲ್ಲಿನೊಳಗಿನ ಲಾಕ್ ತೆಗೆದು ಹೊರಬಳೆಯನ್ನೂ ಒತ್ತಿ ತೆಗೆದ ಮೇಲೆ, ಹಳೇ ಬೇರಿಂಗನ್ನು ಡೀಸೆಲಿನಲ್ಲಿ ತೊಳೆದು ಬೆಳಕಿಗೆ ಹಿಡಿದರು. ಗುಂಡುಗಳು ಉರುಳುವ, ಕನ್ನಡಿಯ ಹಾಗೆ ಹೊಳೆಯಬೇಕಿದ್ದ ಹಾದಿಯಲ್ಲಿ ಒಂದು ಕಡೆ ಪದರು ಕಿತ್ತು ಸಣ್ಣ ಗುಳಿ ಬಿದ್ದಿತ್ತು. ಪ್ರತಿ ಗುಂಡೂ ಆ ಗುಳಿ ಹಾಯುವಾಗ ಒಂದೊಂದು ಪೆಟ್ಟು. ಗಾಡಿ 60ರಲ್ಲಿ ಓಡುವಾಗ ಗಾಲಿ ಸೆಕೆಂಡಿಗೆ ಸುಮಾರು 9 ಸುತ್ತು ತಿರುಗುತ್ತದೆ. ಪೆಟ್ಟುಗಳೆಲ್ಲ ಕೂಡಿ ಗುಂಯ್ ಆಗುತ್ತವೆ.

ಹೊಸದನ್ನು ಕೂರಿಸುವಾಗ ಕಾಯ್ದೆ ಒಂದೇ: ಯಾವ ಬಳೆ ಬಿಗಿಯಾಗಿ ಕೂರಬೇಕೋ ಅದನ್ನೇ ಒತ್ತಬೇಕು. ನಕಲ್ಲಿಗೆ ಕೂರಿಸುವಾಗ ಹೊರಬಳೆಯ ಮೇಲೆ ಒತ್ತು, ಹಬ್ಬು ಸೇರಿಸುವಾಗ ಒಳಬಳೆಗೆ ಅಡಿಯಿಂದ ಆಸರೆ. ತಪ್ಪಿ ಭಾರವೆಲ್ಲ ಗುಂಡುಗಳ ಮೂಲಕ ಹಾದರೆ ಹಾದಿಯಲ್ಲಿ ಅವುಗಳ ಅಚ್ಚು ಬಿದ್ದು, ಹೊಸ ಬೇರಿಂಗ್ ಡಬ್ಬಿಯಿಂದ ಬಂದ ದಿನವೇ ಹಳತಾಗುತ್ತದೆ. ಹತೋಡಿಯಲ್ಲಿ ಬಡಿದು ಕೂರಿಸಿದ ಬೇರಿಂಗು ಬೇಗ ವಾಪಸು ಬರುವುದು ಇದೇ ಕಾರಣಕ್ಕೆ. ಕೊನೆಗೆ ಹೊಸ ನಟ್ಟು, ಆ ಗಾಡಿಗೆ ಕಂಪನಿ ಹೇಳಿದ ಬಿಗಿತಕ್ಕೆ ಟಾರ್ಕ್ ಪಾನಾ. ನಟ್ಟು ಬಿಗಿಯದೆ ಗಾಡಿಯನ್ನು ಗಾಲಿಯ ಮೇಲೆ ಒಂದಡಿ ಕೂಡ ತಳ್ಳಬಾರದು.

ಖಾನಾಪುರದ ನೀರು

ಬೇರಿಂಗಿನ ಆಯುಷ್ಯ ಸಾಮಾನ್ಯವಾಗಿ ಲಕ್ಷ ಕಿಲೋಮೀಟರ್ ದಾಟುತ್ತದೆ. ಖಾನಾಪುರದ ಗಾಡಿಗಳಿಗೆ ಆ ಭಾಗ್ಯ ಕಡಿಮೆ ಎನ್ನುತ್ತಾರೆ ಮಿಸ್ತ್ರಿ. ಮಲಪ್ರಭೆ ಹುಟ್ಟುವ ಕಣಕುಂಬಿ ಇರುವುದು ಜಾಂಬೋಟಿಯಿಂದ ಚೋರ್ಲಾ ಘಾಟಿಗೆ ಹೋಗುವ ದಾರಿಯಲ್ಲಿ. ಸಹ್ಯಾದ್ರಿಯ ಮಳೆ ಜೂನ್‌ನಲ್ಲಿ ಹಿಡಿದರೆ ಬಿಡುವುದು ಸೆಪ್ಟೆಂಬರಿಗೆ. ಗುಂಡಿ ಬಿದ್ದ ರಸ್ತೆಯ ಪೆಟ್ಟು ಒಂದು ಕಡೆಯಾದರೆ ಹಳ್ಳದ ನೀರು ಇನ್ನೊಂದು ಕಡೆ. ಓಡಿ ಬಿಸಿಯಾದ ಹಬ್ಬು ತಣ್ಣೀರಿಗೆ ಇಳಿದಾಗ ಒಳಗಿನ ಗಾಳಿ ಕುಗ್ಗಿ, ಸೀಲಿನ ಸಂದಿಯಿಂದ ನೀರನ್ನು ಒಳಗೆ ಎಳೆದುಕೊಳ್ಳುತ್ತದೆ. ನಾವು ನೋಡಿದ ಬೇರಿಂಗಿನ ಗ್ರೀಸು ಕೆಂಪಾಗಿತ್ತು. ತುಕ್ಕೆಷ್ಟು, ಖಾನಾಪುರದ ಮಣ್ಣೆಷ್ಟು ಹೇಳುವುದು ಕಷ್ಟ.

ಕಬ್ಬಿನ ಹಂಗಾಮಿನಲ್ಲಿ ಬೇರೆಯದೇ ಗಿರಾಕಿ: ಟ್ರ್ಯಾಕ್ಟರ್ ಟ್ರೇಲರು. ಅದರದು ಹಳೇ ಮಾದರಿ, ಕೋನ್ ಮತ್ತು ಕಪ್. ಅಂಗೈಯಲ್ಲಿ ಗ್ರೀಸ್ ಇಟ್ಟು ರೋಲರುಗಳ ಸಂದಿಗೆ ತುಂಬಿ, ಗಾಲಿ ತಿರುಗಿಸುತ್ತಲೇ ನಟ್ಟು ಬಿಗಿದು, ಮತ್ತೆ ತುಸು ಹಿಂದೆ ಸಡಿಲಿಸಿ ಸ್ಪ್ಲಿಟ್ ಪಿನ್ ಹಾಕುವುದು. ಆ ‘ತುಸು’ ಎಷ್ಟು ಎಂಬುದನ್ನು ಕೈಯೇ ಹೇಳಬೇಕು.

ಪಿ.ಬಿ. ರಸ್ತೆಯ ಶಾಲೆ

ಮಿಸ್ತ್ರಿಯ ಶಾಲೆ ಹಳೇ ಪಿ.ಬಿ. ರಸ್ತೆಯ ಒಂದು ಗ್ಯಾರೇಜು. ಅಂಬಾಸಿಡರ್, ಫಿಯಾಟ್‌ಗಳ ಕಾಲ. ಮೊದಲು ಗ್ರೀಸ್ ಒರೆಸುವುದು, ಆಮೇಲೆ ಪಾನಾ ಎತ್ತಿ ಕೊಡುವುದು, ಉಸ್ತಾದರ ಮನಸ್ಸಿಗೆ ಬಂದ ಮೇಲೆ ಗಾಲಿ ಮುಟ್ಟುವುದು. ಉದ್ದನೆಯ ಸ್ಕ್ರೂಡ್ರೈವರಿನ ತುದಿಯನ್ನು ನಕಲ್ಲಿಗೂ ಹಿಡಿಯನ್ನು ಕಿವಿಗೂ ಕೊಟ್ಟು ಕೇಳುವುದನ್ನು ಕಲಿತದ್ದು ಅಲ್ಲೇ. ಈಗಲೂ ಆ ಸ್ಕ್ರೂಡ್ರೈವರಿನಿಂದ ಯಾವ ಸ್ಕ್ರೂವನ್ನೂ ಬಿಚ್ಚಗೊಡುವುದಿಲ್ಲ.

ಬೇರಿಂಗಿನ ದೊಡ್ಡ ಚರಿತ್ರೆಯನ್ನು ಚಿಕ್ಕದಾಗಿ ಹೇಳಬೇಕೆಂದರೆ, ಗಾಡಿಯ ಅಚ್ಚಿಗೆ ಗುಂಡು ಹಾಕುವ ಉಪಾಯಕ್ಕೆ ವೇಲ್ಸ್‌ನ ಫಿಲಿಪ್ ವಾನ್ ಪೇಟೆಂಟ್ ಪಡೆದದ್ದು 1794ರಲ್ಲಿ. ಟ್ರೇಲರಿನ ಕೋನ್-ಕಪ್‌ಗೆ ಅಮೆರಿಕದ ಹೆನ್ರಿ ಟಿಮ್ಕೆನ್‌ಗೆ ಪೇಟೆಂಟ್ ಸಿಕ್ಕಿದ್ದು 1898ರಲ್ಲಿ. ನಮ್ಮಲ್ಲಿ ಜೈಪುರದ ನ್ಯಾಷನಲ್ ಬೇರಿಂಗ್ ಕಂಪನಿ 1946ರಲ್ಲಿ ಶುರುವಾಯಿತು. ಅದರ ಎನ್‌ಬಿಸಿ ಡಬ್ಬಿ ಇಲ್ಲದ ಬಿಡಿಭಾಗದ ಅಂಗಡಿ ಸಿಗುವುದು ಅಪರೂಪ. 1983ರಲ್ಲಿ ಮಾರುತಿ 800 ಬಂದು ಮುಂದಿನ ಗಾಲಿಗಳೇ ಗಾಡಿ ಎಳೆಯತೊಡಗಿದ ಮೇಲೆ, ಮುಂದಿನ ಬೇರಿಂಗ್ ಬದಲಿಸಲು ಪ್ರೆಸ್ ಬೇಕಾಯಿತು. ಪ್ರೆಸ್ಸು ಲೇಥುಗಳಿಗೆ ಬೆಳಗಾವಿಯಲ್ಲಿ ಬರವಿಲ್ಲ. ಉದ್ಯಮಬಾಗದ ಎರಕದ ಕಾರ್ಖಾನೆಗಳು ಈ ಊರನ್ನು ಕಬ್ಬಿಣದ ಕೆಲಸಕ್ಕೆ ಮೊದಲೇ ಪಳಗಿಸಿದ್ದವು.

2019ರ ಏಪ್ರಿಲ್‌ನಿಂದ ಹೊಸ ಕಾರುಗಳಿಗೆಲ್ಲ ಎ.ಬಿ.ಎಸ್., ಅಂದರೆ ಬ್ರೇಕ್ ಒತ್ತಿದಾಗ ಗಾಲಿ ಲಾಕ್ ಆಗದಂತೆ ತಡೆಯುವ ವ್ಯವಸ್ಥೆ, ಕಡ್ಡಾಯವಾಯಿತು. ಈಗ ಅನೇಕ ಬೇರಿಂಗುಗಳ ಒಂದು ಬದಿಯ ಸೀಲಿನಲ್ಲೇ ಅಯಸ್ಕಾಂತದ ಪಟ್ಟಿ ಇರುತ್ತದೆ. ಎ.ಬಿ.ಎಸ್.ಗೆ ಬೇಕಾದ ಗಾಲಿಯ ವೇಗವನ್ನು ಸೆನ್ಸರ್ ಅಳೆಯುವುದು ಅದನ್ನು ನೋಡಿ. ನೋಡಲು ಎರಡೂ ಬದಿ ಒಂದೇ ತರಹ. ತಿರುಗುಮುರುಗಾಗಿ ಕೂರಿಸಿದರೆ ಡ್ಯಾಶ್‌ಬೋರ್ಡಿನಲ್ಲಿ ದೀಪ ಹತ್ತಿಕೊಂಡು ಮಾಡಿದ ಕೆಲಸವೆಲ್ಲ ನೀರುಪಾಲು. ಮಿಸ್ತ್ರಿ ಒಂದು ಸಣ್ಣ ಕ್ಲಿಪ್ಪನ್ನು ಸೀಲಿನ ಹತ್ತಿರ ಹಿಡಿದು ಎಳೆತ ಯಾವ ಕಡೆ ಎಂದು ನೋಡಿ ಗುರುತು ಹಾಕಿಕೊಳ್ಳುತ್ತಾರೆ. ಮತ್ತೆ ಕೆಲವು ಗಾಡಿಗಳಲ್ಲಿ ಹಬ್ಬು, ಬೇರಿಂಗು, ಸೆನ್ಸರು ಎಲ್ಲ ಸೇರಿ ಒಂದೇ ತುಂಡು. ನಾಲ್ಕು ಬೋಲ್ಟು ಬಿಚ್ಚಿ ನಾಲ್ಕು ಬೋಲ್ಟು ಬಿಗಿದರೆ ಮುಗಿಯಿತು, ಪ್ರೆಸ್ಸಿನ ಹಂಗಿಲ್ಲ. ಬೆಲೆ ಮಾತ್ರ ಹಲವು ಸಾವಿರ.

ಬಿಲ್ಲಿನಲ್ಲಿಲ್ಲದ ಸಾಲು

ಕೈಕೆಲಸ ಹೀಗೆ ಕಡಿಮೆಯಾಗುತ್ತಾ ಹೋದರೂ ಕಿವಿಯ ಕೆಲಸ ಕಡಿಮೆಯಾಗುವಂತಿಲ್ಲ. ತುಂಡು ದುಬಾರಿಯಾದಷ್ಟೂ ಯಾವ ಗಾಲಿಯದು ಕೆಟ್ಟಿದೆ ಎಂಬುದನ್ನು ತಪ್ಪಿಲ್ಲದೆ ಹೇಳುವವರು ಬೇಕು. ವಿದ್ಯುತ್ ಕಾರಿಗೂ ಗಾಲಿ ಇದೆ, ಗಾಲಿಗೆ ಬೇರಿಂಗಿದೆ. ಎಂಜಿನ್ನಿನ ಸದ್ದೇ ಇಲ್ಲದ್ದರಿಂದ ಅದರ ಗೊಣಗಾಟ ಇನ್ನೂ ಬೇಗ ಕೇಳಿಸುತ್ತದೆ. ಆದರೂ ಗ್ಯಾರೇಜಿನ ಬಿಲ್ಲಿನಲ್ಲಿ ಬೇರಿಂಗಿಗೆ ಒಂದು ಸಾಲು, ಸೀಲಿಗೆ ಒಂದು, ಮಜೂರಿಗೆ ಒಂದು. ಕಣಬರ್ಗಿ ರಸ್ತೆಯಲ್ಲಿ ಕಿವಿಗೊಟ್ಟು ಕೂತದ್ದಕ್ಕೆ ಸಾಲೇ ಇಲ್ಲ. ‘ಕೇಳಿದ್ದಕ್ಕ ರೊಕ್ಕ ಹೆಂಗ ಕೇಳೂದ್ರಿ?’ ಎನ್ನುತ್ತಾರೆ ಮಿಸ್ತ್ರಿ. ಡಾಕ್ಟರು ಎದೆಗೆ ಕೊಳವೆ ಇಟ್ಟು ಕೇಳಿದ್ದಕ್ಕೆ ನಾವು ಚೌಕಾಸಿ ಮಾಡದೆ ಫೀಸು ಕೊಡುತ್ತೇವೆ.

ಹತ್ತನೇ ತರಗತಿ ಮುಗಿಸಿದವರಿಗೆ ಐ.ಟಿ.ಐ.ಗಳಲ್ಲಿ ಮೋಟಾರು ವಾಹನ ಮೆಕ್ಯಾನಿಕ್‌ನ ಎರಡು ವರ್ಷದ ತರಬೇತಿ ಇದೆ. ಅಲ್ಲಿ ಕಲಿತವರು ಶೋರೂಮುಗಳ ಸರ್ವಿಸ್ ಸೆಂಟರ್ ಸೇರುತ್ತಾರೆ, ಆಟೋ ನಗರದ ತಗಡಿನ ಶೆಡ್ಡಿಗೆ ಬರುವವರು ವಿರಳ. ಈ ಗ್ಯಾರೇಜಿನ ಹುಡುಗನಿಗೆ ಪ್ರೆಸ್ ಕೆಲಸ ಕೈಗೆ ಹತ್ತಿದೆ, ಕಿವಿ ಇನ್ನೂ ಹತ್ತಬೇಕು. ಗ್ಯಾರೇಜ್ ಕೆಲಸಗಾರರನ್ನೂ ಒಳಗೊಳ್ಳುವ ಮೋಟಾರು ಸಾರಿಗೆ ಕಾರ್ಮಿಕರ ಸಾಮಾಜಿಕ ಭದ್ರತೆಯ ಕಾಯ್ದೆಯನ್ನು ರಾಜ್ಯ ಸರ್ಕಾರ 2024ರಲ್ಲಿ ತಂದಿದೆ. ಅದಕ್ಕಾಗಿ ಹೊಸ ವಾಹನಗಳ ನೋಂದಣಿಯಲ್ಲಿ ಸೆಸ್ಸೂ ಸೇರಿದೆ. ದುಡ್ಡು ಗಾಡಿ ಕೊಂಡವರಿಂದ ಬರುತ್ತಿದೆ, ಗಾಡಿ ರಿಪೇರಿ ಮಾಡುವ ಎಲ್ಲರ ಹೆಸರೂ ಪಟ್ಟಿಗೆ ಬರಬೇಕು. ಕಾರ್ಮಿಕ ಇಲಾಖೆಯವರು ಈ ಶೆಡ್ಡುಗಳ ಬಾಗಿಲಿಗೇ ಬಂದು ಹೆಸರು ಬರೆದುಕೊಂಡರೆ ಅರ್ಧ ದಿನದ ಮಜೂರಿ ಬಿಟ್ಟು ಕಚೇರಿಗೆ ಅಲೆಯುವುದು ತಪ್ಪುತ್ತದೆ.

ಓದುಗರಿಗೆ ಕಡೆಯ ಮಾತು ಇಷ್ಟು. ಮುಂದಿನ ಗಾಲಿ ಗುಂಯ್ ಎಂದರೆ ಹಾಡಿನ ದನಿ ಏರಿಸಿ ಮರೆಯಬೇಡಿ. ಆಟ ಹೆಚ್ಚಾದ ಬೇರಿಂಗು ಬ್ರೇಕನ್ನೂ ಕೆಡಿಸುತ್ತದೆ, ತೀರಾ ಬಿಟ್ಟರೆ ಗಾಲಿಯೇ ಕಳಚಬಹುದು. ಹೊಸ ಬೇರಿಂಗಿನ ಡಬ್ಬಿ ನಿಮ್ಮ ಎದುರೇ ಒಡೆಯಲಿ, ಮಾರುಕಟ್ಟೆಯಲ್ಲಿ ನಕಲಿ ಮಾಲಿದೆ. ಹಳೆಯದನ್ನು ಕೇಳಿ ಪಡೆದು ಆ ಗುಳಿ ನೋಡಿ. ದುಡ್ಡು ಕೊಡುವಾಗ, ಅದು ಯಾವ ಗಾಲಿಯದೆಂದು ಮೊದಲೇ ಹೇಳಿದವರ ಕಿವಿಗೂ ಒಂದು ಸಾಲು ಸೇರಿಸಿ ಎಂದು ನೀವಾಗಿಯೇ ಹೇಳಿ. ಅವರಾಗಿ ಕೇಳುವುದಿಲ್ಲ.