ಬ್ಲಾಕ್‌ಚೈನ್ ಬರೆಸುವ ಪಂಚನಾಮೆ

ಬೆಳೆ ಹಾನಿಯಾದಾಗ ಹೊಲಕ್ಕೆ ಬಂದ ಅಧಿಕಾರಿ ಒಬ್ಬರ ಮಾತನ್ನಷ್ಟೇ ಬರೆದುಕೊಂಡು ಹೋಗುವುದಿಲ್ಲ. ಪಂಚರನ್ನು ಕರೆಸಿ ಪಂಚನಾಮೆ ಬರೆಸುತ್ತಾರೆ. ಬ್ಲಾಕ್‌ಚೈನಿನ ಬಹು ಸೊಗಸಾದ ಕಸುಬೊಂದು ಇದೇ ವಿವೇಕದ ಮೇಲೆ ನಿಂತಿದೆ. ಅದರ ಹೆಸರು ವಿಕೇಂದ್ರಿತ ಒರಾಕಲ್.

ಕಮಲಾಪುರದ ತೊಗರಿ ಬೆಳೆಗಾರರೊಬ್ಬರು ಬ್ಲಾಕ್‌ಚೈನ್ ಮೇಲೆ ವಿಮೆ ಮಾಡಿಸಿದ್ದಾರೆ ಎಂದಿಟ್ಟುಕೊಳ್ಳಿ. ಮಳೆ ಇಂತಿಷ್ಟು ಮಿಲಿಮೀಟರಿಗಿಂತ ಕಡಿಮೆಯಾದರೆ ಅರ್ಜಿಯಿಲ್ಲದೆ ಪರಿಹಾರ ಖಾತೆಗೆ ಬೀಳಬೇಕು. ಕರಾರು ಪ್ರೋಗ್ರಾಮಿನಲ್ಲೇ ಇದೆ, ಹಣವೂ ಅಲ್ಲೇ ಇದೆ. ಆದರೆ ಮಳೆ ಬಂತೋ ಇಲ್ಲವೋ ಎಂಬುದು ಆ ಪ್ರೋಗ್ರಾಮಿಗೆ ಗೊತ್ತಿಲ್ಲ. ಬ್ಲಾಕ್‌ಚೈನ್ ಎಂದರೆ ಸಾವಿರಾರು ಕಂಪ್ಯೂಟರುಗಳು ಒಟ್ಟಾಗಿ ಇಡುವ ಲೆಕ್ಕದ ಪುಸ್ತಕ; ಅವೆಲ್ಲವೂ ಒಂದೇ ಲೆಕ್ಕವನ್ನು ಮಾಡಿ ಒಂದೇ ಉತ್ತರ ಪಡೆಯಬೇಕು. ಒಂದೊಂದೂ ಹೊರಗಿನ ಜಾಲತಾಣ ನೋಡಲು ಹೋದರೆ ಉತ್ತರಗಳು ಬೇರೆಯಾಗಿ ಲೆಕ್ಕವೇ ಮುರಿದುಬೀಳುತ್ತದೆ. ಹಾಗಾಗಿ ಬ್ಲಾಕ್‌ಚೈನ್ ಕಿಟಕಿಯಿಲ್ಲದ ಕೋಣೆ. ಹೊರಗಿನ ಸುದ್ದಿಯನ್ನು ಒಳಗೆ ತಲುಪಿಸುವುದು ಒರಾಕಲ್ ಕೆಲಸ.

ಒರಾಕಲ್ ಎಂದರೆ ದೈವವಾಣಿ, ನಮ್ಮ ಮೈಲಾರದ ಕಾರಣಿಕದಂಥದು. ಆದರೆ ಹಣದ ವ್ಯವಹಾರದಲ್ಲಿ ಒಂದೇ ಬಾಯಿಯನ್ನು ನಂಬುವುದು ಅಪಾಯ. 2019ರ ಜೂನ್‌ನಲ್ಲಿ ಸಿಂಥೆಟಿಕ್ಸ್ ಎಂಬ ವೇದಿಕೆಗೆ ಕೊರಿಯಾದ ವಾನ್ ದರ ಸಾವಿರ ಪಟ್ಟು ತಪ್ಪಾಗಿ ಬಂತು. ಸ್ವಯಂಚಾಲಿತ ಖಾತೆಯೊಂದು ಕೃತಕ ಈಥರ್ ಎಂಬ ಡಿಜಿಟಲ್ ನಾಣ್ಯವನ್ನು ಸುಮಾರು 3.7 ಕೋಟಿಯಷ್ಟು ಬಾಚಿಕೊಂಡಿತು. ಆಮೇಲೆ ಮಾತುಕತೆಯಿಂದ ಅದನ್ನು ಹಿಂಪಡೆಯಬೇಕಾಯಿತು.

ಒಂದೇ ಬಾಯಿಯ ಬದಲು ಹಲವು ಬಾಯಿಗಳನ್ನು ಕೇಳುವ ಒರಾಕಲ್ ಜಾಲವೊಂದು ಚೈನ್‌ಲಿಂಕ್. ಅದು ತನ್ನ ವಿನ್ಯಾಸವನ್ನು ಪ್ರಕಟಿಸಿದ್ದು 2017ರಲ್ಲಿ. ಇಥೀರಿಯಂ ಎಂಬ ಬ್ಲಾಕ್‌ಚೈನ್ ಮೇಲೆ ಕೆಲಸ ಶುರು ಮಾಡಿದ್ದು 2019ರ ಮೇ ತಿಂಗಳಲ್ಲಿ. ಅದರ ಕೈಚಳಕವನ್ನು ಕಲಬುರಗಿ ಗಂಜಿನ ಸವಾಲಿನ ಲೆಕ್ಕದಲ್ಲೇ ನೋಡೋಣ. ಐದು ಕಂಪ್ಯೂಟರುಗಳು ತೊಗರಿಯ ಕ್ವಿಂಟಲ್ ದರವನ್ನು 7,150, 7,180, 7,200, 7,230 ಎಂದು ತಂದವು. ಐದನೆಯದು ಒಂದು ಸೊನ್ನೆ ಹೆಚ್ಚಾಗಿ 72,000 ಎಂದಿತು. ಸರಾಸರಿ ತೆಗೆದರೆ 20,152 ರೂಪಾಯಿ! ಅಂಕಿಗಳನ್ನು ಸಾಲಾಗಿ ನಿಲ್ಲಿಸಿ ನಟ್ಟನಡುವಿನದನ್ನು ಎತ್ತಿಕೊಂಡರೆ 7,200. ಅರ್ಧಕ್ಕಿಂತ ಹೆಚ್ಚು ಪಂಚರು ಸೇರಿ ಸುಳ್ಳು ಹೇಳದ ಹೊರತು ನಡುವಿನ ಅಂಕಿ ಪ್ರಾಮಾಣಿಕರ ಅಂಕಿಗಳಿಂದ ಆಚೆ ಹೋಗದು. ಪ್ರತಿಯೊಬ್ಬರ ಉತ್ತರಕ್ಕೂ ಡಿಜಿಟಲ್ ಸಹಿಯಿರುವುದರಿಂದ ಯಾರು ಏನೆಂದರೆಂಬುದೂ ದಾಖಲಾಗುತ್ತದೆ. ಖರ್ಚು ಉಳಿಸಲು, ದರ ಗೊತ್ತಾದ ಮಿತಿ ಮೀರಿ ಬದಲಾದಾಗ ಇಲ್ಲವೇ ನಿಗದಿತ ಹೊತ್ತು ಕಳೆದಾಗ ಮಾತ್ರ ಹೊಸ ಅಂಕಿ ಬರೆಯುತ್ತಾರೆ. ಎಷ್ಟು ಅಚ್ಚುಕಟ್ಟು!

ಇದು ಬರೀ ಕಲ್ಪನೆಯಲ್ಲ. ಕೆನ್ಯಾದ ಸಣ್ಣ ರೈತರಿಗೆ ಎಥೆರಿಸ್ಕ್ ಮತ್ತು ಏಕರ್ ಆಫ್ರಿಕಾ ಸಂಸ್ಥೆಗಳು ಇಂಥ ಹವಾಮಾನ ವಿಮೆ ಕೊಟ್ಟಿವೆ. ಇದಕ್ಕೆ ಬೇಕಾದ ಬುನಾದಿ ನಮ್ಮಲ್ಲೂ ಇದೆ: ಕರ್ನಾಟಕ ರಾಜ್ಯ ನೈಸರ್ಗಿಕ ವಿಕೋಪ ಉಸ್ತುವಾರಿ ಕೇಂದ್ರ ಗ್ರಾಮ ಪಂಚಾಯಿತಿ ಮಟ್ಟದಲ್ಲೇ ಮಳೆಮಾಪಕ ಇಟ್ಟಿದೆ, ಅವು 15 ನಿಮಿಷಕ್ಕೊಮ್ಮೆಯ ಲೆಕ್ಕ ಕಳಿಸುತ್ತವೆ.

ಆದರೆ ಪಂಚರು ಕಂಡದ್ದನ್ನಷ್ಟೇ ಹೇಳಬಲ್ಲರು. 2022ರಲ್ಲಿ ಕಲಬುರಗಿ ಜಿಲ್ಲೆಯ ತೊಗರಿ ನೆಟೆರೋಗದಿಂದ ಒಣಗಿತು. ಅದನ್ನು ಮಳೆಮಾಪಕ ಕಾಣದು. ಮಾಪಕವೇ ಒಂದಾಗಿದ್ದು ಅದರ ಬಾಯಿ ಕಸ ಕಟ್ಟಿದ್ದರೆ, ನೂರು ಕಂಪ್ಯೂಟರುಗಳು ಒಮ್ಮತದಿಂದ ಅದೇ ತಪ್ಪನ್ನು ಒಪ್ಪಿಸುತ್ತವೆ. ಆದ್ದರಿಂದ ನಿಮ್ಮ ಪಂಚಾಯಿತಿಯ ಮಳೆಮಾಪಕದ ಮೇಲೆ ಮರದ ಕೊಂಬೆ ಚಾಚದಂತೆ ನೋಡಿಕೊಳ್ಳಿ. ಈ ಕಸುಬಿನ ಮೊದಲ ಸಾಕ್ಷಿ ಅದೇ.