ಹಲವು ಪ್ರಥಮಗಳ ಊರಿನಲ್ಲಿ ಒಂದು ಹಗಲು

ಅಮೆರಿಕ ಖಂಡಗಳ ಮೊದಲ ಕೆಥೆಡ್ರಲ್ ಎಲ್ಲಿದೆ? ಯುರೋಪಿಯನ್ನರು ಅಲ್ಲಿ ಕಲ್ಲು ಹಾಸಿದ ಮೊದಲ ಬೀದಿ ಯಾವುದು? ಕಟ್ಟಿದ ಮೊದಲ ಆಸ್ಪತ್ರೆ? ಅವರು ಎಬ್ಬಿಸಿದವುಗಳಲ್ಲಿ ಇವತ್ತಿಗೂ ನಿಂತಿರುವ ಅತಿ ಹಳೆಯ ಕೋಟೆ? ನಾಲ್ಕೂ ಪ್ರಶ್ನೆಗೆ ಉತ್ತರ ಒಂದೇ ಊರು: ಡೊಮಿನಿಕನ್ ರಿಪಬ್ಲಿಕ್‌ನ ರಾಜಧಾನಿ ಸ್ಯಾಂಟೊ ಡೊಮಿಂಗೊ. ಒಸಾಮಾ ನದಿ ಕೆರಿಬಿಯನ್ ಕಡಲು ಸೇರುವ ಜಾಗದಲ್ಲಿ, ಸುಮಾರು ಒಂದು ಚದರ ಕಿಲೋಮೀಟರಿನ ಹಳೆಯ ಪೇಟೆಯೊಳಗೆ ಇವೆಲ್ಲ ಒಂದರ ಪಕ್ಕ ಒಂದು ನಿಂತಿವೆ. ‘ಸಿಯುದಾದ್ ಕೊಲೊನಿಯಲ್’, ಅಂದರೆ ವಸಾಹತು ನಗರ ಎಂದು ಕರೆಸಿಕೊಳ್ಳುವ ಈ ಭಾಗ 1990ರಲ್ಲಿ ಯುನೆಸ್ಕೊ ವಿಶ್ವ ಪರಂಪರೆಯ ಪಟ್ಟಿಗೆ ಸೇರಿತು.

ಹಾಗಿದ್ದರೂ ಈ ದೇಶಕ್ಕೆ ಬರುವ ಬಹುಪಾಲು ಪ್ರವಾಸಿಗರು ರಾಜಧಾನಿಗೆಂದು ಬರುವುದಿಲ್ಲ. ಅವರ ಗುರಿ ಪೂರ್ವ ತುದಿಯ ಪುಂಟಾ ಕಾನಾ: ಬಿಳಿ ಮರಳು, ತೆಂಗಿನ ಸಾಲು, ಊಟ ತಿಂಡಿ ಪಾನೀಯವೆಲ್ಲ ಮೊದಲೇ ಕೊಟ್ಟ ಹಣದಲ್ಲಿ ಸೇರಿಹೋಗುವ ರೆಸಾರ್ಟುಗಳು. ಅಮೆರಿಕದಲ್ಲಿ ನೆಲೆಸಿರುವ ಕನ್ನಡಿಗರು ಮಕ್ಕಳ ರಜೆಗೆ ಇತ್ತ ಬಂದರೂ ತಂಗುವುದು ಅಲ್ಲೇ. ಕಡಲು ನೋಡಿ ಸಾಕಾದ ಇಂಥವರನ್ನು ಒಂದು ಹಗಲು ರಾಜಧಾನಿಗೆ ಕರೆತಂದು ಸಂಜೆಗೆ ವಾಪಸು ಬಿಡುವುದೇ ಇಲ್ಲಿ ದೊಡ್ಡ ಕಸುಬು. ಬಸ್ಸು, ಮಾರ್ಗದರ್ಶಿ, ಪ್ರವೇಶ ಶುಲ್ಕ, ಮಧ್ಯಾಹ್ನದ ಊಟ ಎಲ್ಲ ಸೇರಿದ ಈ ದಿನದ ಪ್ರವಾಸವನ್ನು ಪ್ರತಿ ಹೋಟೆಲಿನ ಮೇಜಿನಲ್ಲೂ ಮಾರುತ್ತಾರೆ.

ಕಬ್ಬಿನ ಗದ್ದೆಗಳ ನಡುವೆ

ಪುಂಟಾ ಕಾನಾದಿಂದ ಸ್ಯಾಂಟೊ ಡೊಮಿಂಗೊಗೆ ಸುಮಾರು 200 ಕಿಲೋಮೀಟರ್. ಹೆದ್ದಾರಿ ಚೆನ್ನಾಗಿದೆ, ಆದರೂ ಹೋಟೆಲು ಹೋಟೆಲಿಗೆ ನಿಂತು ಜನ ತುಂಬಿಕೊಳ್ಳುವ ಬಸ್ಸಿಗೆ ಮೂರು ಗಂಟೆ ಬೇಕೇ ಬೇಕು. ಹೀಗಾಗಿ ಬೆಳಕು ಹರಿಯುವ ಹೊತ್ತಿಗೇ ಹೊರಡಿಸುತ್ತಾರೆ.

ಈ ಮೂರು ಗಂಟೆ ನಿದ್ದೆಗೆ ಕೊಡಬೇಡಿ. ಕಿಟಕಿಯಾಚೆ ಮೈಲಿಗಟ್ಟಲೆ ಕಬ್ಬು. ಲಾ ರೊಮಾನಾ, ಸಾನ್ ಪೆದ್ರೊ ದೆ ಮಾಕೊರಿಸ್ ಊರುಗಳು ಬೆಳೆದದ್ದೇ ಸಕ್ಕರೆಯಿಂದ. ಗದ್ದೆಗಳ ನಡುವೆ ‘ಬಟೇ’ ಎನ್ನುವ ಕೂಲಿಕಾರರ ಕೇರಿಗಳಿವೆ. ಕಬ್ಬು ಕಡಿಯುವವರಲ್ಲಿ ಹೆಚ್ಚಿನವರು ನೆರೆಯ ಹೈಟಿಯಿಂದ ಬಂದವರು ಅಥವಾ ಅವರ ಮಕ್ಕಳು. ಮಾರ್ಗದರ್ಶಿಗಳು ಸಾಮಾನ್ಯವಾಗಿ ಇಲ್ಲಿ ಬೇಸ್‌ಬಾಲ್ ಮಾತು ತೆಗೆಯುತ್ತಾರೆ, ಏಕೆಂದರೆ ಸ್ಯಾಮಿ ಸೋಸಾನಂಥ ಆಟಗಾರರನ್ನು ಅಮೆರಿಕದ ಲೀಗುಗಳಿಗೆ ಕಳಿಸಿದ್ದು ಇದೇ ಸಾನ್ ಪೆದ್ರೊ. ಆ ಮಾತೂ ಕೇಳುವಂಥದ್ದೇ. ಆದರೆ ಕಬ್ಬನ್ನು ನೆನಪಿನಲ್ಲಿಟ್ಟುಕೊಳ್ಳಿ. ಹಳೆಯ ನಗರದ ಕಥೆಗೆ ಅದು ಬೇಕಾಗುತ್ತದೆ.

ಪೂರ್ವದಿಂದ ಬರುವ ಬಸ್ಸುಗಳು ನದಿ ದಾಟುವ ಮೊದಲು ‘ಲೊಸ್ ತ್ರೆಸ್ ಓಹೊಸ್’ ಬಳಿ ನಿಲ್ಲುತ್ತವೆ. ಮೂರು ಕಣ್ಣುಗಳು ಎಂದು ಅದರರ್ಥ. ಸುಣ್ಣಕಲ್ಲಿನ ನೆಲ ಕುಸಿದು ಉಂಟಾದ ಗವಿಗಳೊಳಗೆ ಮೂರು ತಿಳಿನೀರಿನ ಕೊಳ. ಸಣ್ಣ ತೆಪ್ಪದಲ್ಲಿ ಆಚೆ ದಾಟಿದರೆ ಆಕಾಶಕ್ಕೆ ತೆರೆದುಕೊಂಡ ನಾಲ್ಕನೆಯದು. ಮೆಟ್ಟಿಲು ಜಾರುತ್ತದೆ, ಚಪ್ಪಲಿಗಿಂತ ಶೂ ವಾಸಿ.

ಊರು ಹುಟ್ಟಿದ ಬಗೆ

ಕೊಲಂಬಸ್ 1492ರ ಡಿಸೆಂಬರಿನಲ್ಲಿ ಈ ದ್ವೀಪ ಮುಟ್ಟಿದ. ಅವನು ಹುಡುಕಿ ಹೊರಟದ್ದು ಏಷ್ಯಾದ ಚಿನ್ನವನ್ನು, ಸಂಬಾರ ಪದಾರ್ಥವನ್ನು. ಆ ಕಾಲದ ಯುರೋಪು ಆಸೆಪಡುತ್ತಿದ್ದ ಕರಿಮೆಣಸು ಬೆಳೆಯುತ್ತಿದ್ದದ್ದು ಮಲಬಾರು, ಕೆನರಾ ಸೀಮೆಯ ಘಟ್ಟಗಳಲ್ಲಿ. ಅದು ಸಿಗದೆ, ಇಲ್ಲಿನ ಟೈನೊ ಜನ ಅಡುಗೆಗೆ ಬಳಸುತ್ತಿದ್ದ ಖಾರದ ಕಾಯಿ ಅವನ ಕಣ್ಣಿಗೆ ಬಿತ್ತು. ಅದರ ಬಳಗದ ಮೆಣಸಿನಕಾಯಿಯೇ ಮುಂದೆ ಪೋರ್ಚುಗೀಸರ ಹಡಗಿನಲ್ಲಿ ನಮ್ಮ ಕರಾವಳಿಗೆ ಇಳಿದು, ಬ್ಯಾಡಗಿಯ ಮಾರುಕಟ್ಟೆಯವರೆಗೂ ಬಂದದ್ದು.

ದ್ವೀಪದ ಉತ್ತರ ತೀರದಲ್ಲಿ ಕೊಲಂಬಸ್ ಕಟ್ಟಿಸಿದ ಲಾ ಇಸಬೆಲಾ ರೋಗ, ಹಸಿವು, ಜಗಳಗಳಿಗೆ ಸಿಕ್ಕಿ ಬಾಳಲಿಲ್ಲ. ಅವನ ತಮ್ಮ ಬಾರ್ತೊಲೊಮೆ 1496ರ ನಂತರ ದಕ್ಷಿಣಕ್ಕೆ ಬಂದು ಒಸಾಮಾದ ಪೂರ್ವ ದಡದಲ್ಲಿ ಹೊಸ ಊರು ಹಾಕಿದ. 1502ರ ಚಂಡಮಾರುತ ಅದನ್ನೂ ಉರುಳಿಸಿತು. ಆಗಷ್ಟೇ ಬಂದಿದ್ದ ಗವರ್ನರ್ ನಿಕೊಲಸ್ ದೆ ಒವಾಂದೊ ಊರನ್ನು ಪಶ್ಚಿಮ ದಡಕ್ಕೆ ಎತ್ತಿ, ಚೌಕಾಬಾರದ ಮನೆಗಳಂತೆ ನೇರ ಬೀದಿಗಳನ್ನು ಎಳೆದ. ಮುಂದೆ ಸ್ಪೇನ್ ಅಮೆರಿಕದಲ್ಲಿ ಕಟ್ಟಿದ ನಗರಗಳಿಗೆ ಈ ನಕ್ಷೆ ಮಾದರಿಯಾಯಿತು. ಪ್ಯೂರ್ಟೊ ರಿಕೊ ಮತ್ತು ಕ್ಯೂಬಾಗಳನ್ನು ಹಿಡಿಯಲು ಪಡೆಗಳು ಹೊರಟದ್ದು ಈ ದ್ವೀಪದಿಂದ. ಮೆಕ್ಸಿಕೊವನ್ನು ಗೆದ್ದ ಕೊರ್ತೆಸ್, ಪೆರುವನ್ನು ಗೆದ್ದ ಪಿಸಾರೊ ಇಬ್ಬರೂ ಮೊದಲು ಇಲ್ಲಿದ್ದು ಹೋದವರು.

ದ್ವೀಪದ ಚಿನ್ನ ಬೇಗ ಮುಗಿಯಿತು. ಮೆಕ್ಸಿಕೊ, ಪೆರುಗಳ ಸಂಪತ್ತು ಕಂಡ ಸ್ಪೇನ್ ಇತ್ತ ತಿರುಗಿ ನೋಡುವುದನ್ನು ಕಡಿಮೆ ಮಾಡಿತು, ಹಡಗುಗಳು ಹವಾನಾ ದಾರಿ ಹಿಡಿದವು. 1586ರಲ್ಲಿ ಇಂಗ್ಲಿಷ್ ದಾಳಿಕೋರ ಫ್ರಾನ್ಸಿಸ್ ಡ್ರೇಕ್ ಸುಮಾರು ಒಂದು ತಿಂಗಳು ಊರು ಹಿಡಿದಿಟ್ಟು, ಮನೆಗಳಿಗೆ ಬೆಂಕಿಯಿಟ್ಟು, 25,000 ಡುಕಾಟ್ ಒತ್ತೆಹಣ ಪಡೆದು ಹೋದ ಮೇಲಂತೂ ನಗರ ಚೇತರಿಸಿಕೊಳ್ಳಲೇ ಇಲ್ಲ. ಒಂದು ರೀತಿಯಲ್ಲಿ ಹಳೆಯ ಕಟ್ಟಡಗಳು ಉಳಿದದ್ದು ಈ ಬಡತನದಿಂದಲೇ. ಕೆಡವಿ ಹೊಸದು ಕಟ್ಟುವಷ್ಟು ಹಣ ಬಹುಕಾಲ ಯಾರ ಬಳಿಯೂ ಇರಲಿಲ್ಲ.

ಲಾಸ್ ದಾಮಾಸ್ ಬೀದಿಯ ಉದ್ದಕ್ಕೂ

ಬಸ್ಸು ಇಳಿದ ಮೇಲೆ ಎಲ್ಲವೂ ಕಾಲ್ನಡಿಗೆ. ಹೆಚ್ಚಿನವರು ಶುರುಮಾಡುವುದು ನದಿ ಕಡೆಗೆ ತೆರೆದ ವಿಶಾಲ ಚೌಕದಿಂದ. ಅದರ ಅಂಚಿನಲ್ಲಿ ಆಲ್ಕಾಸರ್: ಕೊಲಂಬಸ್‌ನ ಮಗ ದಿಯೆಗೊ ಕೊಲೊನ್ ಮತ್ತವನ ಹೆಂಡತಿ ಮರಿಯಾ ದೆ ತೊಲೆದೊ 1510ರ ದಶಕದಲ್ಲಿ ಕಟ್ಟಿಸಿದ ಅರಮನೆ. ಹವಳದ ಸುಣ್ಣಕಲ್ಲಿನ ಎರಡಂತಸ್ತು, ಎರಡರಲ್ಲೂ ಕಮಾನುಗಳ ಸಾಲು. ಪಾಳು ಬಿದ್ದಿದ್ದ ಇದನ್ನು 1950ರ ದಶಕದಲ್ಲಿ ಮತ್ತೆ ಎತ್ತಿ ನಿಲ್ಲಿಸಿದರು. ಒಳಗಿನ ಮಂಚ, ಪೆಟ್ಟಿಗೆ, ಪರದೆಗಳು ಆ ಕಾಲದವಾದರೂ ಆ ಮನೆಯವಲ್ಲ, ಹೊರಗಿನಿಂದ ತಂದು ಜೋಡಿಸಿದವು.

ಅಲ್ಲಿಂದ ದಕ್ಷಿಣಕ್ಕೆ ಹೊರಡುವುದೇ ಕಾಯೆ ಲಾಸ್ ದಾಮಾಸ್, ಅಂದರೆ ಹೆಂಗಸರ ಬೀದಿ. ಅಮೆರಿಕದಲ್ಲಿ ಮೊದಲು ಕಲ್ಲುಹಾಸು ಕಂಡ ಬೀದಿ ಇದೆನ್ನುತ್ತಾರೆ. ಮರಿಯಾ ದೆ ತೊಲೆದೊ ತನ್ನ ಪರಿವಾರದ ಸ್ತ್ರೀಯರೊಡನೆ ಸಂಜೆ ಇಲ್ಲಿ ಅಡ್ಡಾಡುತ್ತಿದ್ದಳಂತೆ. ಒವಾಂದೊನ ಮನೆ ಈಗ ಹೋಟೆಲು. ಕೊರ್ತೆಸ್ ಇದ್ದನೆಂಬ ಪ್ರತೀತಿಯ ಮನೆ ಈಗ ಫ್ರಾನ್ಸಿನ ರಾಯಭಾರ ಕಚೇರಿ. ರಾಜನ ಹೆಸರಿನಲ್ಲಿ ಇಡೀ ಪ್ರದೇಶಕ್ಕೆ ನ್ಯಾಯ ಹೇಳುತ್ತಿದ್ದ ‘ಕಾಸಾಸ್ ರೆಯಾಲೆಸ್’ ಕಟ್ಟಡ ಈಗ ವಸ್ತುಸಂಗ್ರಹಾಲಯ. ಅದರೆದುರು 1753ರ ಕಲ್ಲಿನ ಬಿಸಿಲು ಗಡಿಯಾರ ಇನ್ನೂ ಹೊತ್ತು ತೋರಿಸುತ್ತದೆ.

ಇದೇ ಬೀದಿಯ ರಾಷ್ಟ್ರೀಯ ಪ್ಯಾಂಥಿಯನ್ ಹದಿನೆಂಟನೆಯ ಶತಮಾನದ ಜೆಸ್ಯೂಟ್ ಚರ್ಚು. ಆಮೇಲೆ ತಂಬಾಕಿನ ಗೋದಾಮಾಯಿತು, ನಾಟಕಶಾಲೆಯಾಯಿತು. ಮೂರು ದಶಕ ದೇಶವನ್ನು ಮುಷ್ಟಿಯಲ್ಲಿಟ್ಟುಕೊಂಡಿದ್ದ ಸರ್ವಾಧಿಕಾರಿ ರಫಾಯೆಲ್ ತ್ರುಹಿಯೊ ತನ್ನನ್ನೂ ಇಲ್ಲೇ ಹೂಳಲಿ ಎಂದು ಇದನ್ನು ಸ್ಮಾರಕವಾಗಿಸಿದ. ರಾಜಧಾನಿಗೇ 1936ರಲ್ಲಿ ತನ್ನ ಹೆಸರು ಇಟ್ಟುಕೊಂಡಿದ್ದ ಮನುಷ್ಯ ಅವನು. 1961ರಲ್ಲಿ ಅವನ ಕೊಲೆಯಾಯಿತು, ಊರಿಗೆ ಹಳೆಯ ಹೆಸರು ಮರಳಿತು, ಅವನ ಶವ ಈಗ ಸ್ಪೇನಿನ ಸ್ಮಶಾನವೊಂದರಲ್ಲಿದೆ.

ಬೀದಿಯ ಕೊನೆಗೆ ಒಸಾಮಾ ಕೋಟೆ. ಒವಾಂದೊನ ಕಾಲದ ಅದರ ಚೌಕ ಗೋಪುರ ಹತ್ತಿದರೆ ನದಿ, ಕಡಲು, ಬಂದರು ಮೂರೂ ಕಾಣುತ್ತವೆ. ಅದೇ ಗವರ್ನರ್ 1503ರಲ್ಲಿ ಆರಂಭಿಸಿದ ಸಾನ್ ನಿಕೊಲಸ್ ಆಸ್ಪತ್ರೆ ಈಗ ಬರೀ ಗೋಡೆ, ಕಮಾನು, ಪಾರಿವಾಳಗಳ ಬಿಡಾರ.

ಇಬ್ಬರಿಗೂ ಬೇಕಾದ ಕೊಲಂಬಸ್

ಕೆಥೆಡ್ರಲ್ ಮುಂದಿನ ಪಾರ್ಕಿನಲ್ಲಿ ಕೊಲಂಬಸ್‌ನ ಕಂಚಿನ ಪ್ರತಿಮೆ ಇದೆ, 1887ರದು. ಅವನ ಕಾಲ ಬಳಿ ಪೀಠಕ್ಕೆ ಆತುಕೊಂಡ ಟೈನೊ ಹೆಂಗಸನ್ನು ಜನ ಅನಕಾವೊನಾ ಎಂದು ಗುರುತಿಸುತ್ತಾರೆ. ಅನಕಾವೊನಾ ದ್ವೀಪದ ನೈಋತ್ಯ ಭಾಗದ ಒಡತಿ. ಮಾತುಕತೆಗೆಂದು ಬಂದ ಒವಾಂದೊ ಅವಳ ಕಡೆಯ ನಾಯಕರನ್ನು ಸುಟ್ಟು ಕೊಲ್ಲಿಸಿ, ಅವಳನ್ನು ಗಲ್ಲಿಗೇರಿಸಿದ. ಅವನ ನೇರ ಬೀದಿಗಳನ್ನು ಮೆಚ್ಚಿಕೊಂಡು ನಡೆದು ಬಂದವರು ಈ ಪ್ರತಿಮೆಯ ಮುಂದೆ ಅದನ್ನೂ ತಿಳಿದಿರಬೇಕು.

ಕೆಥೆಡ್ರಲ್ ಮುಗಿದದ್ದು 1540ರ ಸುಮಾರಿಗೆ. ಒಳಗೆ ಗೋಥಿಕ್ ಚಾವಣಿ, ಹೊರಗೆ ನವೋದಯ ಕಾಲದ ಸ್ಪ್ಯಾನಿಷ್ ಕುಸುರಿ. ಕೊಲಂಬಸ್‌ನ ಅಸ್ಥಿಗಳ ತಕರಾರು ಶುರುವಾಗುವುದೂ ಇಲ್ಲಿಂದಲೇ. ಅವನು 1506ರಲ್ಲಿ ಸ್ಪೇನಿನಲ್ಲಿ ಸತ್ತ. ಮುಂದೆ ಸೊಸೆಯ ಆಸೆಯಂತೆ ಅಸ್ಥಿಗಳು ಈ ಕೆಥೆಡ್ರಲ್‌ಗೆ ಬಂದವು. 1795ರಲ್ಲಿ ಸ್ಪೇನ್ ಈ ನೆಲವನ್ನು ಫ್ರಾನ್ಸಿಗೆ ಬಿಟ್ಟುಕೊಟ್ಟಾಗ ಅವನ್ನು ಹವಾನಾಕ್ಕೆ, 1898ರಲ್ಲಿ ಅಲ್ಲಿಂದ ಸೆವಿಲ್‌ಗೆ ಒಯ್ದರು. ಆದರೆ 1877ರಲ್ಲೇ ಇಲ್ಲಿನ ಕೆಲಸಗಾರರಿಗೆ ಕೊಲಂಬಸ್ ಹೆಸರು ಕೊರೆದ ಸೀಸದ ಪೆಟ್ಟಿಗೆ ಸಿಕ್ಕಿತ್ತು. ಸ್ಪೇನಿನವರು ತಪ್ಪು ಪೆಟ್ಟಿಗೆ ಒಯ್ದರು ಎನ್ನುವುದು ಡೊಮಿನಿಕನ್ನರ ವಾದ. ಆ ಪೆಟ್ಟಿಗೆಗಾಗಿಯೇ 1992ರಲ್ಲಿ ನದಿಯಾಚೆ ‘ಫಾರೊ ಆ ಕೊಲೊನ್’ ಎಂಬ ಶಿಲುಬೆಯಾಕಾರದ ಬೃಹತ್ ಕಾಂಕ್ರೀಟ್ ಸ್ಮಾರಕ ಎದ್ದಿತು. ಅದಕ್ಕಾಗಿ ಅನೇಕ ಬಡ ಕುಟುಂಬಗಳನ್ನು ಎಬ್ಬಿಸಲಾಯಿತು. ಸೆವಿಲ್‌ನ ಮೂಳೆಗಳು ಕೊಲಂಬಸ್‌ನವೇ ಎಂದು ಸ್ಪೇನಿನ ಸಂಶೋಧಕರು ಡಿಎನ್‌ಎ ಆಧಾರದ ಮೇಲೆ 2024ರಲ್ಲಿ ಘೋಷಿಸಿದರು. ಇಲ್ಲಿನ ಮೂಳೆಗಳಿಗೆ ಅಂಥ ಪರೀಕ್ಷೆ ಆಗಿಲ್ಲ.

ಫಲಕ ಹೇಳದ ಪ್ರಥಮಗಳು

ದಿನದ ಪ್ರವಾಸ ಸಾಮಾನ್ಯವಾಗಿ ಇಲ್ಲಿಗೆ ಮುಗಿದು ಅಂಗಡಿಗಳತ್ತ ಹೊರಳುತ್ತದೆ. ಈ ಊರಿನ ಇನ್ನೆರಡು ಪ್ರಥಮಗಳು ಹೆಚ್ಚಿನ ಬಸ್ಸುಗಳ ಪಟ್ಟಿಯಲ್ಲಿಲ್ಲ. ನನ್ನ ಲೆಕ್ಕದಲ್ಲಿ ಅರಮನೆ, ಕೋಟೆಗಳಿಗಿಂತ ಅವೇ ದೊಡ್ಡವು.

ಒಂದು, 1511ರ ಡಿಸೆಂಬರ್ 21ರ ಪ್ರವಚನ. ಹಿಂದಿನ ವರ್ಷವಷ್ಟೇ ಬಂದಿದ್ದ ಡೊಮಿನಿಕನ್ ಪಂಥದ ಸನ್ಯಾಸಿಗಳು ಚಿನ್ನದ ಗಣಿಗಳಲ್ಲಿ ಟೈನೊ ಜನ ಸಾಯುವುದನ್ನು ಕಂಡು ಸುಮ್ಮನಿರಲಾಗದೆ, ಎಲ್ಲರೂ ಕೂಡಿ ಪ್ರವಚನ ಬರೆದು ಸಹಿ ಹಾಕಿದರು. ಅಂತೊನಿಯೊ ದೆ ಮೊಂತೆಸಿನೊಸ್ ಅದನ್ನು ಓದಿದ. ಎದುರಿಗೆ ಕೂತಿದ್ದವರಲ್ಲಿ ಗವರ್ನರ್ ದಿಯೆಗೊ ಕೊಲೊನ್ ಕೂಡ ಇದ್ದ. ಯಾವ ಹಕ್ಕಿನಿಂದ ಇವರನ್ನು ಜೀತಕ್ಕಿಟ್ಟಿದ್ದೀರಿ, ಇವರು ಮನುಷ್ಯರಲ್ಲವೇ ಎಂದು ನೇರ ಕೇಳಿದ. ಸಿಟ್ಟಾದ ಅಧಿಕಾರಿಗಳು ಮಾತು ಹಿಂತೆಗೆದುಕೊಳ್ಳಿ ಎಂದು ಮಠಕ್ಕೆ ಬಂದರು. ಮುಂದಿನ ಭಾನುವಾರ ಅವನು ಅದನ್ನೇ ಇನ್ನಷ್ಟು ಖಾರವಾಗಿ ಹೇಳಿದ. ಮರುವರ್ಷ ಸ್ಪೇನಿನ ಅರಸ ಟೈನೊ ಜನರನ್ನು ನಡೆಸಿಕೊಳ್ಳುವ ಬಗೆಗೆ ಮಿತಿ ಹಾಕುವ ಬುರ್ಗೊಸ್ ಕಾನೂನುಗಳನ್ನು ತರಬೇಕಾಯಿತು. ಅವು ಟೈನೊ ಜನರನ್ನು ಉಳಿಸಲಿಲ್ಲ. ದುಡಿತ, ಹಸಿವು, ಆಮೇಲೆ ಸಿಡುಬು ಸೇರಿ ಕೆಲವೇ ದಶಕಗಳಲ್ಲಿ ಅವರ ಸಮಾಜವನ್ನು ಮುಗಿಸಿದವು. ತಾನೂ ಟೈನೊ ಆಳುಗಳನ್ನಿಟ್ಟುಕೊಂಡಿದ್ದ ಬಾರ್ತೊಲೊಮೆ ದೆ ಲಾಸ್ ಕಾಸಾಸ್ ಮುಂದೆ ಎಲ್ಲ ಬಿಟ್ಟು ಇದೇ ಮಠ ಸೇರಿ, ಜೀವನವಿಡೀ ಅವರ ಪರ ವಾದಿಸಿದ. ಮೊಂತೆಸಿನೊಸ್‌ನ ಮಾತುಗಳು ಉಳಿದದ್ದು ಲಾಸ್ ಕಾಸಾಸ್‌ನ ಬರಹದಿಂದ.

ಎರಡನೆಯದು, 1521ರ ಕ್ರಿಸ್‌ಮಸ್ ಸಮಯದ ದಂಗೆ. ಟೈನೊ ಜನ ಇಲ್ಲವಾದಂತೆ ಕಬ್ಬಿನ ತೋಟಗಳಿಗೆ ಆಫ್ರಿಕದಿಂದ ಗುಲಾಮರನ್ನು ತಂದಿದ್ದರು. ಆಲ್ಕಾಸರ್‌ನ ಒಡೆಯ ದಿಯೆಗೊ ಕೊಲೊನ್‌ನ ಸ್ವಂತ ತೋಟದಲ್ಲೇ ಅವರು ತಿರುಗಿಬಿದ್ದರು. ಅಮೆರಿಕ ಖಂಡಗಳಲ್ಲಿ ದಾಖಲಾದ ಮೊದಲ ದೊಡ್ಡ ಗುಲಾಮರ ಬಂಡಾಯವದು. ಅದನ್ನು ಅಡಗಿಸಿ, ಸಿಕ್ಕವರನ್ನು ನೇಣಿಗೆ ಹಾಕಿದರು. ಕೆಲವೇ ದಿನಗಳಲ್ಲಿ, 1522ರ ಜನವರಿಯಲ್ಲಿ, ಗುಲಾಮರ ಓಡಾಟ, ಆಯುಧಗಳನ್ನು ಕಟ್ಟಿಹಾಕುವ ಕಟ್ಟಳೆಗಳು ಹೊರಟವು. ಬಸ್ಸಿನ ಕಿಟಕಿಯಲ್ಲಿ ಕಂಡ ಕಬ್ಬಿನ ಮೂಲ ಇಲ್ಲಿದೆ.

ಹೋಗುವವರಿಗೆ

ಸೋಮವಾರ ಅನೇಕ ವಸ್ತುಸಂಗ್ರಹಾಲಯಗಳಿಗೆ ರಜೆ, ಆ ದಿನ ಬೇಡ. ಕೆಥೆಡ್ರಲ್‌ಗೆ ಹೆಗಲು, ಮಂಡಿ ಮುಚ್ಚುವ ಬಟ್ಟೆ ಬೇಕು. ಊಟಕ್ಕೆ ‘ಲಾ ಬಂದೆರಾ’ ಸಿಗುತ್ತದೆ: ಅನ್ನ, ಬೀನ್ಸ್ ಕಾಳಿನ ಸಾರು, ಮಾಂಸ. ಸಸ್ಯಾಹಾರಿಗಳು ಕಾಳಿಗೆ ಮಾಂಸ ಬೆರೆಸಿದ್ದಾರೆಯೇ ಎಂದು ಕೇಳಿ, ಜೊತೆಗೆ ಕರಿದ ಬಾಳೆಕಾಯಿ ತೆಗೆದುಕೊಳ್ಳಬಹುದು. ಟೈನೊ ಕಾಲದಿಂದ ಉಳಿದು ಬಂದ ಮರಗೆಣಸಿನ ರೊಟ್ಟಿ ‘ಕಸಾಬೆ’ ತಿನ್ನದೆ ಬರಬೇಡಿ. ಅದನ್ನು ಮಾಡುವ ಬಗೆ 2024ರಲ್ಲಿ ಯುನೆಸ್ಕೊ ಪಟ್ಟಿಗೆ ಸೇರಿದೆ. ಈ ದೇಶದಲ್ಲಿ ಮಾತ್ರ ಸಿಗುವ ನೀಲಿ ಕಲ್ಲು ಲಾರಿಮಾರ್ ಕೊಳ್ಳುವುದಾದರೆ ಮಾರ್ಗದರ್ಶಿ ಕರೆದೊಯ್ದ ಅಂಗಡಿಯ ಬೆಲೆಯನ್ನು ಎಲ್ ಕೊಂದೆ ಬೀದಿಯ ಬೆಲೆಯೊಂದಿಗೆ ಹೋಲಿಸಿ. ಅಮೆರಿಕ, ಕೆನಡಾ, ಬ್ರಿಟನ್ ಅಥವಾ ಶೆಂಗೆನ್ ವೀಸಾ ಇದ್ದ ಭಾರತೀಯರಿಗೆ ಪ್ರತ್ಯೇಕ ಪ್ರವಾಸಿ ವೀಸಾದ ಅಗತ್ಯ ಸಾಮಾನ್ಯವಾಗಿ ಬೀಳುವುದಿಲ್ಲ. ಹೊರಡುವ ಮುನ್ನ ನಿಯಮ ಖಚಿತಪಡಿಸಿಕೊಳ್ಳಿ.

ಡೊಮಿನಿಕನ್ ಮಠ ಕೆಥೆಡ್ರಲ್‌ನಿಂದ ಕೆಲವೇ ನಿಮಿಷದ ನಡಿಗೆ. ಕಡಲ ದಂಡೆಯಲ್ಲಿ ಬಾಯಿ ಪಕ್ಕ ಕೈಯಿಟ್ಟು ಕೂಗುತ್ತಿರುವ ಮೊಂತೆಸಿನೊಸ್‌ನ ದೈತ್ಯ ಪ್ರತಿಮೆ, 1980ರ ದಶಕದಲ್ಲಿ ಮೆಕ್ಸಿಕೊ ಕೊಟ್ಟದ್ದು, ಕೋಟೆಗೆ ಹತ್ತಿರ. ಅಂಗಡಿಗೆಂದು ಕೊಡುವ ಬಿಡುವಿನ ವೇಳೆ ಎರಡಕ್ಕೂ ಸಾಕು. ಪ್ರವಾಸ ಗೊತ್ತುಮಾಡುವಾಗಲೇ ಅಲ್ಲಿಗೂ ಕರೆದೊಯ್ಯುತ್ತೀರಾ ಎಂದು ಕೇಳಿ. ಇಲ್ಲವೆಂದರೆ ಲಾರಿಮಾರ್ ಬಿಟ್ಟು ನೀವೇ ನಡೆದು ಹೋಗಿ.