ನಮ್ಮವರ ಪತ್ರಿಕೆಯಲ್ಲಿ ಪಕ್ಕದವರ ಸಿಟ್ಟು

1945. ಯುದ್ಧ ಮುಗಿದಿತ್ತು. ಯುರೋಪಿನಲ್ಲಿ ಸುಮಾರು 60 ಲಕ್ಷ ಯಹೂದಿಗಳ ಹತ್ಯೆಯಾಗಿತ್ತು. ಆ ವರ್ಷವೇ ನ್ಯೂಯಾರ್ಕಿನಲ್ಲಿ ಅಮೆರಿಕನ್ ಜ್ಯೂಯಿಷ್ ಕಮಿಟಿ ‘ಕಾಮೆಂಟರಿ’ ಅನ್ನೋ ಮಾಸಪತ್ರಿಕೆ ಶುರು ಮಾಡಿತು. ಸಂಪಾದಕರು ಎಲಿಯಟ್ ಕೋಹೆನ್.

ಇಷ್ಟು ನೊಂದವರ ಪತ್ರಿಕೆ ಅಂದ್ರೆ ಬರೀ ತಮ್ಮವರ ಗುಣಗಾನ ಇರುತ್ತೆ ಅಂದ್ಕೋತೀವಿ, ಅಲ್ವಾ? ಇಲ್ಲಿ ಹಾಗಾಗಲಿಲ್ಲ.

1948ರಲ್ಲಿ 23 ವರ್ಷದ ಕಪ್ಪು ಲೇಖಕ ಜೇಮ್ಸ್ ಬಾಲ್ಡ್‌ವಿನ್ ಇದೇ ಪತ್ರಿಕೆಗೆ ಹಾರ್ಲೆಮ್ ಬಗ್ಗೆ ಬರೆದರು. ಅಲ್ಲಿನ ಕಪ್ಪು ಜನರಿಗೆ ಯಹೂದಿ ವ್ಯಾಪಾರಿಗಳ ಮೇಲಿದ್ದ ಸಿಟ್ಟನ್ನು ಅವರು ಮುಚ್ಚಿಡಲಿಲ್ಲ. ಎರಡೂ ಕಡೆಯವರು ತುಳಿತಕ್ಕೆ ಸಿಕ್ಕವರೇ ಅನ್ನೋದನ್ನೂ ಮರೆಯಲಿಲ್ಲ. ಯಹೂದಿಗಳ ಪತ್ರಿಕೆಯೇ ಅದನ್ನು ಅಚ್ಚು ಹಾಕಿತು!

ನೋಡಿ, ತನ್ನ ಗಾಯ ಹಸಿಯಾಗಿರುವಾಗಲೂ ಪಕ್ಕದವನ ದೂರು ಕೇಳೋಕೆ ಗುಂಡಿಗೆ ಬೇಕು. ಸಮುದಾಯದ ಪತ್ರಿಕೆಗೂ ಕರಪತ್ರಕ್ಕೂ ಇರೋ ವ್ಯತ್ಯಾಸ ಅದೇ.